ಸೋದರಮಾವ ಮುನಿಸಿಕೊಂಡ ಮದುವೆ

ಮುನಿಸಿಕೊಳ್ಳುವುದು ನಮ್ಮ ಮನೆತನದ ಗಂಡಸರಿಗೆ ಹುಟ್ಟಿನಿಂದಲೇ ಬಂದ ವಿದ್ಯೆ. ನಮ್ಮಪ್ಪ ನನಗೆ ಬಿಟ್ಟುಹೋದದ್ದು ಒಂದು ತೆಂಗಿನ ತೋಟ, ಎರಡು ಜೊತೆ ಎತ್ತು, ಒಂದಿಷ್ಟು ರಾಗಿ ಬೆಳೆಯುವ ಬೆದ್ದಲು ಮತ್ತು ಇದು. ನಮ್ಮಜ್ಜ ತನ್ನ ಸ್ವಂತ ಮಗನ ಮದುವೆಯಲ್ಲಿ ಪಾಯಸಕ್ಕೆ ಬೆಲ್ಲ ಕಡಿಮೆಯಾಯಿತೆಂದು ಕಣದ ಬಣವೆಯ ಹಿಂದೆ ಒಂದು ಹಗಲೆಲ್ಲ ಕೂತಿದ್ದರಂತೆ. ನಮ್ಮಪ್ಪ ಸಖರಾಯಪಟ್ಟಣಕ್ಕೆ ಒಂದು ನಿಶ್ಚಿತಾರ್ಥಕ್ಕೆ ಹೋದವರು, ಕಾಲು ತೊಳೆಯಲು ಕೊಟ್ಟ ನೀರು ಬಿಸಿಯಿರಲಿಲ್ಲವೆಂದು ಚಾವಡಿಯಲ್ಲಿ ಹೋಗಿ ಮಲಗಿದರು. ಹನ್ನೊಂದು ಜನ ಬಂದು ಕೈಮುಗಿದ ಮೇಲೆ ಎದ್ದರು. ಆ ಹನ್ನೊಂದು ಜನರ ಹೆಸರನ್ನು ಸಾಯುವವರೆಗೂ ಒಂದೂ ಬಿಡದೆ ಹೇಳುತ್ತಿದ್ದರು. ಇಂಥವರ ಒಬ್ಬನೇ ಮಗ ನಾನು, ಯಗಟಿಯ ಷಣ್ಮುಖಪ್ಪ.

ತಿಳಿಯದವರು ಇದನ್ನು ಕೋಪ ಎಂದುಕೊಳ್ಳುತ್ತಾರೆ. ಕೋಪ ಬಂದವನು ಎದ್ದು ಹೋಗಿಯೇಬಿಡುತ್ತಾನೆ. ಮುನಿಸಿಕೊಂಡವನು ಹೋಗುವುದೇ ಕರೆಸಿಕೊಳ್ಳುವುದಕ್ಕಾಗಿ. ಅದಕ್ಕೊಂದು ಕ್ರಮವಿದೆ. ಹೋಗಿ ಕೂರುವ ಜಾಗ ಬಹಳ ದೂರ ಇರಬಾರದು, ಕರೆಯಲು ಬರುವವರಿಗೆ ಬೇಸರವಾಗುತ್ತದೆ. ಬಹಳ ಹತ್ತಿರವೂ ಇರಬಾರದು, ಊಟಕ್ಕೆ ಕಾಯುತ್ತಿದ್ದಾನೆ ಎನ್ನುತ್ತಾರೆ. ಮೊದಲ ಸಲ ಬಂದವರಿಗೆ ಮುಖ ಕೊಡಬಾರದು. ಎರಡನೆಯ ಸಲ ಹೆಂಗಸರು ಬಂದಾಗ ಒಂದು ನಿಟ್ಟುಸಿರು ಬಿಡಬಹುದು. ಮೂರನೆಯ ಸಲ ಮನೆಯ ಯಜಮಾನನೇ ತಟ್ಟೆಯಲ್ಲಿ ವೀಳ್ಯ ಹಿಡಿದು ಬಂದು, "ತಪ್ಪಾಯ್ತು ಏಳಪ್ಪ" ಎಂದಾಗ ಏಳಬೇಕು. ಅದೂ ತಕ್ಷಣ ಅಲ್ಲ, ಮಂಡಿ ಹಿಡಿದುಕೊಂಡಿದೆ ಎನ್ನುವ ಹಾಗೆ ನಿಧಾನವಾಗಿ. ಹೀಗೆ ಕರೆತಂದವನನ್ನು ಊಟದಲ್ಲಿ ಮೊದಲ ಎಲೆಗೆ ಕೂರಿಸುತ್ತಾರೆ. ಕರೆಯದೆ ತಾನಾಗಿಯೇ ವಾಪಸು ಬಂದವನು ನಮ್ಮ ವಂಶದಲ್ಲಿ ಆವರೆಗೆ ಒಬ್ಬನೂ ಇರಲಿಲ್ಲ.

ಈಗ ನೀಲಮ್ಮನ ವಿಷಯ ಹೇಳಬೇಕು. ನೀಲಮ್ಮ ನಮ್ಮ ಅಕ್ಕ ಲಿಂಗಮ್ಮನ ಮಗಳು. ಅಕ್ಕನನ್ನು ಅಜ್ಜಂಪುರದ ಹತ್ತಿ ವ್ಯಾಪಾರಿ ಚನ್ನಬಸಪ್ಪನಿಗೆ ಕೊಟ್ಟಿತ್ತು. ಅಲ್ಲಿ ಪ್ಲೇಗು ಬಂದು ಜನ ಊರು ಬಿಟ್ಟು ಹೊಲಗಳಲ್ಲಿ ಗುಡಿಸಲು ಹಾಕಿಕೊಂಡ ವರ್ಷ, ಭಾವ ಮೂರು ವರ್ಷದ ಈ ಮಗುವನ್ನು ತಂದು ನಮ್ಮ ಮನೆಯಲ್ಲಿ ಬಿಟ್ಟರು. ನನಗೂ ನನ್ನ ಹೆಂಡತಿ ಹುಚ್ಚಮ್ಮನಿಗೂ ಮಕ್ಕಳಿಲ್ಲ. ಪ್ಲೇಗು ಹೋಯಿತು, ಮಗು ಹೋಗಲಿಲ್ಲ. ಒಂಬತ್ತು ವರ್ಷ ನಮ್ಮಲ್ಲೇ ಬೆಳೆಯಿತು. ನಾನು ಪೂಜೆಗೆ ಕೂತರೆ ಎದುರಿಗೆ ತಾನೂ ಅಂಗೈ ಚಾಚಿ ಕಣ್ಣು ಮುಚ್ಚಿಕೊಂಡು ಕೂರುತ್ತಿತ್ತು. ಮುದ್ದೆಯನ್ನು ನಾನು ಗೋಲಿಯಷ್ಟು ಗೋಲಿಯಷ್ಟು ಮಾಡಿ ಕೊಟ್ಟರೆ ಮಾತ್ರ ನುಂಗುತ್ತಿತ್ತು. ಅದರ ಮೇಲೆ ನನಗಿದ್ದಷ್ಟು ಜೀವ ಇನ್ನು ಯಾವುದರ ಮೇಲೂ ಇರಲಿಲ್ಲ. ಇದನ್ನು ಹೇಳಿಕೊಳ್ಳಲು ನನಗೆ ನಾಚಿಕೆಯಿಲ್ಲ. ನಾಚಿಕೆಯಾಗುವ ಸಂಗತಿ ಮುಂದಿದೆ.

ಹನ್ನೆರಡು ತುಂಬಿದಾಗ ಅಕ್ಕ ಬಂದು ಕರೆದುಕೊಂಡು ಹೋದಳು. ಗಾಡಿ ಹತ್ತುವಾಗ ನೀಲಮ್ಮ ಅಳಲಿಲ್ಲ, ಅತ್ತದ್ದು ನಾನು. ಅವಳು ನನ್ನ ಗಡ್ಡ ಹಿಡಿದು, "ನನ್ ಮದ್ವೇಲಿ ಹಸೆಗೆ ನೀನೇ ಕರ್ಕಂಡು ಹೋಗ್ಬೇಕು ಮಾವ, ಮರೀಬ್ಯಾಡ" ಎಂದಳು. ಮದುವೆಯ ಹೆಣ್ಣನ್ನು ದೇವರ ಮನೆಯಿಂದ ಚಪ್ಪರದ ಹಸೆಮಣೆಯವರೆಗೆ ಕೈಹಿಡಿದು ಕರೆತರುವುದು ಹೇಗೂ ಸೋದರಮಾವನದೇ ಹಕ್ಕು. ಆದರೂ ಅವಳು ಬಾಯಿಬಿಟ್ಟು ಕೇಳಿದ್ದಳಲ್ಲ, ಅದರಿಂದ ನನಗೆ ಆ ಹಕ್ಕು ಅಮಲ್ದಾರರು ಸಹಿ ಹಾಕಿ ಕೊಟ್ಟದ್ದಕ್ಕಿಂತ ಗಟ್ಟಿ ಅನ್ನಿಸಿತ್ತು.

ಬಿಳಿಯರ ಸೀಮೆಯಲ್ಲಿ ದೊಡ್ಡ ಯುದ್ಧ ನಡೆಯುತ್ತಿದ್ದ ಆ ದಿನಗಳಲ್ಲಿ, ಒಂದು ವೈಶಾಖದಲ್ಲಿ, ನೀಲಮ್ಮನಿಗೆ ತರೀಕೆರೆಯ ಅಡಿಕೆ ವ್ಯಾಪಾರಿ ಮಲ್ಲಿಕಾರ್ಜುನಪ್ಪನವರ ಮಗನೊಂದಿಗೆ ಮದುವೆ ನಿಶ್ಚಯವಾಯಿತು. ನಾನೂ ಹುಚ್ಚಮ್ಮನೂ ಕಡೂರಿನವರೆಗೆ ಗಾಡಿಯಲ್ಲಿ ಬಂದು, ಅಲ್ಲಿಂದ ರೈಲಿನಲ್ಲಿ ಅಜ್ಜಂಪುರಕ್ಕೆ ಹೋದೆವು. ದಾರಿಯುದ್ದಕ್ಕೂ ನಾನು ಬಹಳ ಸಂತೋಷದಲ್ಲಿದ್ದೆ. ಬೀರೂರಿನಲ್ಲಿ ಗುರುತಿಲ್ಲದವರಿಗೆಲ್ಲ, ನಾನು ಹೆಣ್ಣಿನ ಸೋದರಮಾವ ಎಂದು ಹೇಳಿದೆ. ಹುಚ್ಚಮ್ಮ ಕಿಟಕಿಯ ಕಡೆ ತಿರುಗಿ ಕೂತಳು.

ಮುಹೂರ್ತದ ಹಿಂದಿನ ಸಂಜೆ ಚಪ್ಪರದಲ್ಲಿ ವೀಳ್ಯ ಕೊಡುವ ಶಾಸ್ತ್ರ. ನಮ್ಮಲ್ಲಿ ಮೊದಲ ವೀಳ್ಯ ಮಠದ ಅಯ್ಯನವರಿಗೆ, ಎರಡನೆಯದು ಸೋದರಮಾವನಿಗೆ, ಆಮೇಲೆ ಬೀಗರಿಗೆ, ಆಮೇಲೆ ಊರವರಿಗೆ. ನಾನು ಹೊಸ ರುಮಾಲು ಸುತ್ತಿಕೊಂಡು, ಬಲಗೈಯನ್ನು ಶಲ್ಯದಿಂದ ಆಗಲೇ ಹೊರಗೆ ತೆಗೆದಿಟ್ಟುಕೊಂಡು ಕೂತಿದ್ದೆ. ಅಷ್ಟರಲ್ಲಿ ಹೋಬಳಿಯ ಶೇಕದಾರ ಕುದುರೆಯ ಮೇಲೆ ಆ ದಾರಿಯಲ್ಲಿ ಬಂದ. ಚಪ್ಪರ ಕಂಡು ಇಳಿದ. ಸರ್ಕಾರದ ಮನುಷ್ಯ ನಿಂತೇ ಇದ್ದಾನಲ್ಲ ಎಂದು ಭಾವ ಗಡಿಬಿಡಿಯಲ್ಲಿ ಕೈಯಲ್ಲಿದ್ದ ವೀಳ್ಯವನ್ನು ಅವನಿಗೇ ಕೊಟ್ಟುಬಿಟ್ಟರು. ಅದು ಎರಡನೆಯ ವೀಳ್ಯ. ನನ್ನ ಕೈಗೆ ಬಂದದ್ದು ಮೂರನೆಯದು.

ಶೇಕದಾರ ಅದನ್ನು ಬಾಯಿಗೆ ಹಾಕಿಕೊಂಡು, ಕುದುರೆ ಹತ್ತಿ, ಹೋಗಿಯೇಬಿಟ್ಟ. ನನ್ನ ಮಾನವನ್ನು ಅವನು ಅಗಿಯುತ್ತಾ ಹೋದ ಹಾಗೆ ನನಗೆ ಕಾಣಿಸಿತು.

ನಾನು ಆಗಲೇ ಎದ್ದು ಹೋಗಲಿಲ್ಲ. ಮುನಿಸನ್ನು ಹೊತ್ತುಗೊತ್ತು ನೋಡಿ ಮಾಡಬೇಕು. ಹಿಂದಿನ ಸಂಜೆ ಮುನಿಸಿಕೊಂಡರೆ ಕರೆಯಲು ಅವರಿಗೆ ಬೇಕಾದಷ್ಟು ಸಮಯ ಸಿಗುತ್ತದೆ, ಸಮಯ ಸಿಕ್ಕಿದರೆ ಬೆಲೆ ಕಡಿಮೆ. ಮುಹೂರ್ತದ ಬೆಳಿಗ್ಗೆ, ಎಲ್ಲರ ಕೈಕಾಲು ಓಡಾಟದಲ್ಲಿರುವಾಗ ಮುನಿಸಿಕೊಂಡರೆ ಅದರ ತೂಕವೇ ಬೇರೆ. ನನ್ನ ಮುಖ ನೋಡಿಯೇ ಹುಚ್ಚಮ್ಮನಿಗೆ ಎಲ್ಲ ತಿಳಿಯಿತು. ಮೂಲೆಗೆ ಕರೆದು ಹೇಳಿದಳು:

"ಈ ಮದ್ವೇಲಿ ಬ್ಯಾಡ ಕಣ್ರೀ. ಬೇರೆ ಯಾರ ಮದ್ವೇಲಾದ್ರೂ ಮಾಡ್ಕಳಿ. ಇದು ನಮ್ಮ ಮಗಾದು."

"ನಾನೇನ್ ಮಾಡ್ದೆ ಈಗ?" ಎಂದೆ.

"ಇನ್ನೂ ಮಾಡಿಲ್ಲ. ಅದಕ್ಕೇ ಹೇಳ್ತಿರೋದು."

ಇಪ್ಪತ್ತೆರಡು ವರ್ಷ ನನ್ನ ಜೊತೆ ಬಾಳಿದ ಹೆಂಗಸಿನ ಮಾತನ್ನು ಆ ದಿನ ಕೇಳಿದ್ದರೆ ಇವತ್ತು ಈ ಕಥೆ ಹೇಳುವ ಕೆಲಸ ಇರುತ್ತಿರಲಿಲ್ಲ.

ಮುಹೂರ್ತ ಬೆಳಿಗ್ಗೆ ಹತ್ತಕ್ಕೆ. ನಾನು ಬೇಗ ಎದ್ದು ಸ್ನಾನ ಮಾಡಿ, ಲಿಂಗಪೂಜೆ ಮುಗಿಸಿ, ಅವಲಕ್ಕಿ ಬಾಳೆಹಣ್ಣು ತಿಂದೆ. ಎರಡು ಸಲ ಹಾಕಿಸಿಕೊಂಡೆ. ಮುನಿಸಿಕೊಂಡವನಿಗೆ ಮುಂದಿನ ಊಟ ಯಾವಾಗಲೋ ಗೊತ್ತಿರುವುದಿಲ್ಲ. ಆಮೇಲೆ ಹಾಸಿಗೆ ಸುತ್ತಿ ಕಂಕುಳಲ್ಲಿ ಇಟ್ಟುಕೊಂಡು, ಅಡಿಗೆಯ ಕಲ್ಲಪ್ಪ ಒಲೆಯ ಮುಂದೆ ಕಣ್ಣು ಉಜ್ಜಿಕೊಳ್ಳುತ್ತಾ ನಿಂತಿದ್ದಲ್ಲಿಗೆ ಹೋದೆ.

"ಕಲ್ಲಪ್ಪ, ನಾನು ಊರಿಗೆ ಹೊರಟೆ. ಸ್ಟೇಷನ್ನಿಗೆ ಹೋಗ್ತಿದೀನಿ. ಯಾರಿಗೂ ಹೇಳ್ಬೇಡ."

"ಆಗ್ಲಿ ಸ್ವಾಮಿ" ಎಂದ.

ಯಾರಿಗೂ ಹೇಳಬೇಡ ಎಂದರೆ ಊರಿಗೆಲ್ಲ ಹೇಳು ಎಂದೇ ಅರ್ಥ, ಅದು ಮದುವೆ ಮನೆಯಲ್ಲಿ ಎಲ್ಲರಿಗೂ ಗೊತ್ತು. ಆದರೆ ಕಲ್ಲಪ್ಪನ ಮುಖ ನೋಡಿದರೆ, ಈ ಮನುಷ್ಯ ನಿಜವಾಗಿಯೂ ಹೇಳದೆ ಇದ್ದುಬಿಟ್ಟರೆ ಎಂದು ಭಯವಾಯಿತು. ಬಾವಿಕಟ್ಟೆಯಲ್ಲಿ ನೀರು ಸೇದುತ್ತಿದ್ದ ಇಬ್ಬರು ಹೆಂಗಸರಿಗೆ ಹೇಳಿದೆ. ಓಲಗದವರಿಗೂ ಹೇಳಿದೆ. ಅವರು ನನಗೆ ಕೈಮುಗಿದು ಮತ್ತೆ ಊದತೊಡಗಿದರು.

ಸ್ಟೇಷನ್ನಿನಲ್ಲಿ ಬೇವಿನ ಮರದ ಕೆಳಗೆ ಒಂದು ಬೆಂಚು. ಅಲ್ಲಿ ಕೂತ ಮೇಲೆ ಒಂದು ತೊಂದರೆ ಎದುರಾಯಿತು. ಮುನಿಸಿಕೊಂಡವನು ಕರೆಯಲು ಬರುವವರಿಗೆ ಬೆನ್ನು ತೋರಿಸಿ ಕೂರಬೇಕು. ಬೆನ್ನು ತೋರಿಸಿದರೆ ಯಾರು ಬರುತ್ತಿದ್ದಾರೆ, ಎಷ್ಟು ಜನ ಬರುತ್ತಿದ್ದಾರೆ ಎಂಬುದು ಕಾಣುವುದಿಲ್ಲ. ಕೊನೆಗೆ ಕಂಬಿಗಳ ಕಡೆಗೆ ಮುಖ, ಊರ ದಾರಿಯ ಕಡೆಗೆ ಒಂದು ಕಣ್ಣು, ಹೀಗೆ ಓರೆಯಾಗಿ ಕೂತೆ. ಸ್ವಲ್ಪ ಹೊತ್ತಿಗೆ ಕತ್ತು ಹಿಡಿದುಕೊಂಡಿತು.

ಮನಸ್ಸಿನಲ್ಲಿ ಎಲ್ಲ ಲೆಕ್ಕ ಹಾಕಿದೆ. ಈಗ ಸುದ್ದಿ ಮುಟ್ಟಿರುತ್ತದೆ. ಈಗ ಅಕ್ಕ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಿರುತ್ತಾಳೆ. ಈಗ ಭಾವ ಶೇಕದಾರನನ್ನು ಬೈಯುತ್ತಿರುತ್ತಾರೆ. ತಟ್ಟೆ ಬೆಳ್ಳಿಯದೋ ಹಿತ್ತಾಳೆಯದೋ? ಬೆಳ್ಳಿಯದೇ ತರಲಿ. ಓಲಗದವರನ್ನೂ ಜೊತೆಗೆ ಕಳಿಸಿದರೆ ಒಳ್ಳೆಯದು, ನಮ್ಮಪ್ಪನಿಗೇ ಆ ಭಾಗ್ಯ ಸಿಕ್ಕಿರಲಿಲ್ಲ.

ದಾರಿಯಲ್ಲಿ ಒಂದು ಎಮ್ಮೆ ಬಂತು. ಅದರ ಹಿಂದೆ ಯಾರೂ ಬರಲಿಲ್ಲ.

ಬೀರೂರಿನ ಕಡೆ ಹೋಗುವ ಗಾಡಿ ಬಂದು ನಿಂತಿತು. ಪೋರ್ಟರು ಹತ್ತಿರ ಬಂದು, "ಯಜಮಾನ್ರೇ, ಗಾಡಿ ಬಂತಲ್ಲ, ಹತ್ತಲ್ವಾ?" ಎಂದ. ಮುಂದಿನದಕ್ಕೆ ಹೋಗುತ್ತೇನೆ ಎಂದೆ. "ಮುಂದಿಂದು ಸಂಜೇಗೆ" ಎಂದ. ಆಗಲಿ, ನನಗೇನೂ ಅವಸರವಿಲ್ಲ ಎಂದೆ. ಗಾಡಿ ಹೋಯಿತು. ಸ್ಟೇಷನ್ನಿನ ಗಡಿಯಾರ ಒಂಬತ್ತು ದಾಟಿತ್ತು.

ಒಂಬತ್ತೂಕಾಲಾಯಿತು. ದಾರಿ ಖಾಲಿ. ಊರ ಕಡೆಯಿಂದ ಓಲಗ ಮಾತ್ರ ಕೇಳುತ್ತಿತ್ತು. ನಾನಿಲ್ಲದ ದುಃಖ ಆ ಓಲಗದಲ್ಲಿ ಸ್ವಲ್ಪವೂ ಇರಲಿಲ್ಲ.

ಆಗ ನೀಲಮ್ಮ ಕಣ್ಣ ಮುಂದೆ ಬಂದಳು. ಬಾಸಿಂಗ ಕಟ್ಟಿಸಿಕೊಂಡು ದೇವರ ಮನೆಯಲ್ಲಿ ಬಾಗಿಲ ಕಡೆ ನೋಡುತ್ತಾ ಕೂತಿರುತ್ತಾಳೆ. ಎದ್ದೆ. ಎದ್ದವನು, ಕರೆಯದೆ ಹೇಗೆ ಹೋಗಲಿ ಎಂದು ಮತ್ತೆ ಕೂತೆ. ಜನ ಏನೆಂದುಕೊಳ್ಳುತ್ತಾರೆ? ಮುನಿಸಿಕೊಂಡು ಹೋದ, ಯಾರೂ ಕರೆಯಲಿಲ್ಲ, ಬಾಲ ಮುದುರಿಕೊಂಡು ಬಂದ ಎನ್ನುತ್ತಾರೆ. ಮತ್ತೆ ಎದ್ದೆ, ಮತ್ತೆ ಕೂತೆ. ದೂರದಿಂದ ನೋಡುತ್ತಿದ್ದ ಪೋರ್ಟರು ನನಗೆ ಹೊಟ್ಟೆನೋವೆಂದು ತಿಳಿದು ನೀರು ತಂದುಕೊಟ್ಟ.

ಗಡಿಯಾರ ಒಂಬತ್ತೂವರೆ ತೋರಿಸಿದಾಗ ನನಗೊಂದು ಉಪಾಯ ಹೊಳೆಯಿತು. ಇಷ್ಟು ದಡ್ಡ ಉಪಾಯ ನಮ್ಮ ವಂಶದಲ್ಲಿ ಹಿಂದೆ ಯಾರಿಗೂ ಹೊಳೆದಿರಲಾರದು. ಮುನಿಸಿಕೊಂಡವನು ಕರೆದರೆ ತಾನೇ ಏಳಬೇಕು? ಯಾರು ಕರೆಯಬೇಕು ಎಂದು ಯಾರೂ ಬರೆದಿಟ್ಟಿಲ್ಲವಲ್ಲ. ಯಾರೋ ಒಬ್ಬರು ಕರೆದರಾಯಿತು.

ಸ್ಟೇಷನ್ನಿನ ಬಾಗಿಲಲ್ಲಿ ದ್ಯಾಮಮ್ಮ ಎಂಬ ಮುದುಕಿ ಹುರಿದ ಕಡಲೆಕಾಯಿ ಮಾರುತ್ತಿದ್ದಳು. ನಾನು ಅವಳ ಮುಂದೆ ಹೋಗಿ ಕುಕ್ಕುರುಗಾಲಲ್ಲಿ ಕೂತೆ.

"ಎಷ್ಟು ಕೊಡ್ಲಿ?" ಎಂದಳು.

"ಕಡಲೆಕಾಯಿ ಬೇಡ ಕಣಮ್ಮ. ನನ್ನನ್ನ ಮದುವೆ ಮನೇಗೆ ಕರಿ."

ಅವಳು ನನ್ನ ರುಮಾಲು ನೋಡಿದಳು, ಶಲ್ಯ ನೋಡಿದಳು, ಕಂಕುಳಲ್ಲಿದ್ದ ಹಾಸಿಗೆ ನೋಡಿದಳು. "ಯಾರ ಮದ್ವೆ?"

"ಹತ್ತಿ ಚನ್ನಬಸಪ್ಪನವರ ಮಗಳದು. ನಾನು ಸೋದರಮಾವ. ಮುನಿಸ್ಕೊಂಡು ಬಂದಿದೀನಿ. ಯಾರೂ ಕರೆಯೋಕೆ ಬರ್ಲಿಲ್ಲ."

"ಅಯ್ಯೋ ನಿಮ್ಮ! ಕರೆಯಾಕೆ ನಾನೇನು ನಿಮ್ಮ ಭಾವನಾ? ಎದ್ದು ಹೋಗಿ ಅತ್ಲಾಗೆ. ಕಾಲಿಲ್ವಾ?"

"ಹಂಗಲ್ಲಮ್ಮ, ಶಾಸ್ತ್ರ ಇದೆ" ಎಂದು, ನನ್ನ ಎಲೆಅಡಿಕೆ ಚೀಲದಿಂದಲೇ ಎರಡು ಎಲೆ, ಒಂದು ಅಡಿಕೆ ತೆಗೆದು ಅವಳ ಕೈಯಲ್ಲಿಟ್ಟೆ. "ಇದನ್ನ ನಂಗೆ ಕೊಟ್ಟು, ತಪ್ಪಾಯ್ತು ಏಳಪ್ಪ ಅನ್ನು."

"ನಂದೇನು ತಪ್ಪು?"

"ನಿಂದೇನೂ ಇಲ್ಲ. ಸುಮ್ನೆ ಅನ್ನು."

ದ್ಯಾಮಮ್ಮ ಎಲೆಯನ್ನೂ ನನ್ನನ್ನೂ ಒಂದು ಗಳಿಗೆ ನೋಡಿದಳು. ಆಮೇಲೆ ಅವಳಿಗೆ ಏನನ್ನಿಸಿತೋ, ಸೆರಗು ತಲೆಯ ಮೇಲೆ ಎಳೆದುಕೊಂಡು, ಕಡಲೆಕಾಯಿ ಬುಟ್ಟಿಯ ಹಿಂದಿನಿಂದ ಎದ್ದು ನಿಂತು, ಎರಡೂ ಕೈಯಲ್ಲಿ ವೀಳ್ಯ ಹಿಡಿದು ಹೇಳಿದಳು: "ತಪ್ಪಾಯ್ತು ಏಳಪ್ಪ. ಮಗಾ ಕಾಯ್ತಾ ಕೂತದೆ. ಅದ್ರ ಮುಖ ನೋಡಾದ್ರೂ ಬಾ."

ನನಗೆ ಕಣ್ಣೀರು ಬಂದುಬಿಟ್ಟಿತು. ನಮ್ಮ ವಂಶದ ಯಾರನ್ನೂ ಯಾರೂ ಅಷ್ಟು ಚೆನ್ನಾಗಿ ಕರೆದಿರಲಿಲ್ಲ. ವೀಳ್ಯ ತೆಗೆದುಕೊಂಡೆ. ಹಾಸಿಗೆಯನ್ನು ಅವಳ ಬುಟ್ಟಿಯ ಪಕ್ಕದಲ್ಲೇ ಎಸೆದು ಓಡಿದೆ.

ಐವತ್ತು ಸಮೀಪಿಸಿದ ಮನುಷ್ಯ, ಎರಡು ಪಾಲು ಅವಲಕ್ಕಿ ಹೊಟ್ಟೆಯಲ್ಲಿಟ್ಟುಕೊಂಡು, ಅಜ್ಜಂಪುರದ ಬೀದಿಯಲ್ಲಿ ಪಂಚೆ ಎತ್ತಿ ಹಿಡಿದು ಓಡುವುದನ್ನು ಜನ ಅಂಗಡಿಗಳಿಂದ ಹೊರಗೆ ಬಂದು ನೋಡಿದರು. ಒಬ್ಬನಂತೂ, ನಾಯಿ ಅಟ್ಟಿಸಿಕೊಂಡು ಬರುತ್ತಿದೆಯೇ ಎಂದು ನನ್ನ ಹಿಂದೆ ನೋಡಿದ. ಬಸವಣ್ಣನ ಗುಡಿಯ ತಿರುವಿಗೆ ಬಂದಾಗ ಎದೆ ಹೊಡೆದುಕೊಂಡು ನಿಂತುಬಿಟ್ಟೆ. ಅಲ್ಲೇ ನನಗೆ ಗಟ್ಟಿಮೇಳ ಕೇಳಿಸಿತು. ಗಟ್ಟಿಮೇಳ ಎಂದರೆ ಗೊತ್ತಲ್ಲ, ತಾಳಿ ಕಟ್ಟುವ ಗಳಿಗೆ. ಹೆಣ್ಣು ಆಗಲೇ ಹಸೆಗೆ ಬಂದಾಯಿತು.

ಉಳಿದ ದಾರಿಯನ್ನು ನಡೆದುಕೊಂಡೇ ಹೋದೆ.

ಚಪ್ಪರದ ಬಾಗಿಲಲ್ಲಿ ನಿಂತು ನೋಡಿದೆ. ಅಕ್ಷತೆ ಬೀಳುತ್ತಿತ್ತು. ನೀಲಮ್ಮ ತಲೆ ತಗ್ಗಿಸಿ ಹಸೆಯ ಮೇಲೆ ಕೂತಿದ್ದಳು. ಅವಳ ಪಕ್ಕದಲ್ಲಿ, ಸೋದರಮಾವ ನಿಲ್ಲಬೇಕಾದ ಜಾಗದಲ್ಲಿ, ಹುಚ್ಚಮ್ಮ ನಿಂತಿದ್ದಳು. ನನ್ನ ಬಲಗೈ ತಾನಾಗಿಯೇ ಶಲ್ಯದೊಳಕ್ಕೆ ಹೋಯಿತು.

ಯಾರಾದರೂ ಬೈದಿದ್ದರೆ ಬದುಕುತ್ತಿದ್ದೆ. ಬೈದರೆ ಅದಕ್ಕೊಂದು ಮುನಿಸು ಮಾಡಿಕೊಂಡು ಇನ್ನೊಂದು ಜಾಗ ಹುಡುಕಿಕೊಳ್ಳಬಹುದಾಗಿತ್ತು. ಯಾರೂ ಬೈಯಲಿಲ್ಲ. ಭಾವ ಬಂದು ನನ್ನ ತೋಳು ಹಿಡಿದು, "ಬಾಪ್ಪ ಷಣ್ಮುಖಪ್ಪ, ನಿನ್ನೆ ವೀಳ್ಯದಲ್ಲಿ ನಂದು ತಪ್ಪಾಯ್ತು, ಗಡಿಬಿಡೀಲಿ ಗೊತ್ತಾಗ್ಲಿಲ್ಲ" ಎಂದರು. ನಾನು ಬೆಳಿಗ್ಗೆಯಿಂದ ಕಾದಿದ್ದ ಮಾತು ಅದೇ. ಅದು ಈಗ ನನ್ನ ಯಾವ ಉಪಯೋಗಕ್ಕೂ ಬರಲಿಲ್ಲ. ನಡೆದದ್ದನ್ನು ಅವರೇ ಹೇಳಿದರು. ಹತ್ತು ಗಂಟೆಗೆ ಇನ್ನು ನಾಲ್ಕೇ ನಿಮಿಷ ಇದ್ದಾಗ ಅಯ್ಯನವರು, ಮುಹೂರ್ತ ಕಾಯುವುದಿಲ್ಲ, ಈ ಮಗುವನ್ನು ಸಾಕಿದವರು ಯಾರು ಎಂದು ಕೇಳಿದರಂತೆ. ಹುಚ್ಚಮ್ಮನನ್ನು ತೋರಿಸಿದಾಗ, "ಹಂಗಾದ್ರೆ ನೀನೇ ಕರ್ಕೊಂಡು ಬಾರಮ್ಮ" ಎಂದರಂತೆ. ಹುಚ್ಚಮ್ಮ ನನ್ನನ್ನು ಹುಡುಕುತ್ತಾ ಒಂದು ಸಲ ಬೀದಿಯವರೆಗೆ ಹೋಗಿ ನೋಡಿ ಬಂದು, ಆಮೇಲೆ ನೀಲಮ್ಮನ ಕೈ ಹಿಡಿದಳಂತೆ.

ಊಟದಲ್ಲಿ ನನ್ನನ್ನು ಮೊದಲ ಎಲೆಗೇ ಕೂರಿಸಿದರು. ಹೋಳಿಗೆ ಬಡಿಸಲು ಹುಚ್ಚಮ್ಮನೇ ಬಂದಳು. ನಾನು ತಲೆ ಎತ್ತಲಿಲ್ಲ. "ತುಪ್ಪ ಹಾಕ್ಲಾ?" ಎಂದಷ್ಟೇ ಕೇಳಿದಳು.

ಒಂದು ಮಾತು ಮಾತ್ರ ನನ್ನನ್ನು ಕೊರೆಯುತ್ತಿತ್ತು. ಕಲ್ಲಪ್ಪ ಸುದ್ದಿಯನ್ನು ಎಂಟು ಗಂಟೆಗೆಲ್ಲ ಮನೆಗೆ ಹಬ್ಬಿಸಿದ್ದನೆಂದು ತಿಳಿಯಿತು. ಸ್ಟೇಷನ್ನು ಏನು ಕಾಶಿಯಲ್ಲ. ಮತ್ತೆ ಯಾಕೆ ಒಬ್ಬರೂ ಬರಲಿಲ್ಲ? ಕೇಳುವ ಮುಖ ನನಗಿರಲಿಲ್ಲ.

ಮಧ್ಯಾಹ್ನ ಹೊಸ ಗಂಡಹೆಂಡಿರು ಹಿರಿಯರಿಗೆ ನಮಸ್ಕಾರ ಮಾಡಲು ಬಂದರು. ನೀಲಮ್ಮ ನನ್ನ ಕಾಲು ಮುಟ್ಟಿ ಎದ್ದಳು. ಬಾಸಿಂಗ ಬಿಚ್ಚಿದ ಹಣೆಯ ಮೇಲೆ ದಾರದ ಗುರುತು ಇನ್ನೂ ಕೆಂಪಗಿತ್ತು. ಅವಳು ಅಳುತ್ತಾಳೆ, ಬೈಯುತ್ತಾಳೆ, ಮುಖ ತಿರುಗಿಸುತ್ತಾಳೆ ಎಂದು ನಾನು ಮೂರಕ್ಕೂ ಸಿದ್ಧವಾಗಿದ್ದೆ. ಅವಳ ಮುಖ ಅರಳಿತ್ತು.

"ನಂಗೊತ್ತಿತ್ತು ಮಾವ, ನೀನು ಬಂದೇ ಬತ್ತೀಯ ಅಂತ" ಎಂದಳು. "ಅಪ್ಪ ಎಂಟು ಗಂಟೇಗೇ ತಟ್ಟೆ ತಗಂಡು ಹೊರಟಿದ್ರು. ಅವ್ವನೂ ಹೊರಟಿದ್ಲು. ನಾನೇ ಬ್ಯಾಡ ಅಂದೆ."

"ನೀನಾ?" ಎಂದೆ.

"ಹೂಂ. ಬೇರೆ ಮದ್ವೇಲಾದ್ರೆ ಕರೀಬೇಕು ಕಣವ್ವ, ನನ್ ಮದ್ವೇಗೆ ನಮ್ಮ ಮಾವನ್ನ ಯಾರೂ ಕರೀಬೇಕಾಗಿಲ್ಲ, ತಾನಾಗೇ ಎದ್ದು ಬತ್ತದೆ ಅಂದೆ. ಎಲ್ರೂ ನಕ್ರು. ತರೀಕೆರೆಯೋರೂ ನಕ್ರು. ನಗ್ಲಿ ಅಂತ ಸುಮ್ನಾದೆ. ಚೂರು ತಡ ಆಯ್ತು, ಅಷ್ಟೇ. ನೀನಾಗೇ ಬಂದ್ಯಲ್ವಾ ಮಾವ? ಯಾರೂ ಕರೀಲಿಲ್ಲ ತಾನೆ?"

ಅವಳ ಹಿಂದೆ ತರೀಕೆರೆಯ ಬೀಗಿತ್ತಿಯರು ಸಾಲಾಗಿ ನಿಂತು ನನ್ನ ಬಾಯಿಯನ್ನೇ ನೋಡುತ್ತಿದ್ದರು. ಹುಚ್ಚಮ್ಮನೂ ನೋಡುತ್ತಿದ್ದಳು. ದ್ಯಾಮಮ್ಮ ಕೊಟ್ಟ ಎಲೆಅಡಿಕೆ ಇನ್ನೂ ನನ್ನ ಎಡಗೈ ಮುಷ್ಟಿಯಲ್ಲೇ ಇತ್ತು, ಬೆವರಿಗೆ ಬಾಡಿಹೋಗಿತ್ತು. ಎದ್ದು ನಡೆದುಕೊಂಡು ಬಂದಿದ್ದರೆ ಸಾಕಾಗಿತ್ತು. ಒಂಬತ್ತು ಗಂಟೆಗೆ ಎದ್ದಿದ್ದರೂ ಸಾಕಾಗಿತ್ತು. ಈ ಮಗು ನನ್ನ ಮೇಲೆ ಇಟ್ಟದ್ದು ಅಷ್ಟೇ ನಂಬಿಕೆ, ಅಷ್ಟನ್ನೂ ನಾನು ಉಳಿಸಿಕೊಡಲಿಲ್ಲ.

"ಹೂಂ ಕಣವ್ವ" ಎಂದೆ. "ಯಾರೂ ಕರೀಲಿಲ್ಲ. ನಾನೇ ಬಂದೆ."

ನೀಲಮ್ಮ ಬೀಗಿತ್ತಿಯರ ಕಡೆಗೆ ತಿರುಗಿ, "ನೋಡ್ದ್ರಾ? ನಾನ್ ಹೇಳ್ಲಿಲ್ವಾ?" ಎಂದಳು.